‘ನಾಲ್ವರು ದೊರೆಗಳ ಮನೆತನ’ ಬರೆದವರಿಗೆ

ನಮಸ್ಕಾರ. ವೆನಿಸ್‌ನ ಕೊರ್ನಾರೊ ಮನೆತನದ ಬಗ್ಗೆ ನೀವು ಕಳುಹಿಸಿದ ಲೇಖನ ಓದಿದೆ. ಈಗ ಇರುವ ಹಾಗೆ ಹಾಕಿಕೊಳ್ಳಲು ಆಗುವುದಿಲ್ಲ. ಆದರೆ ವಿಷಯ ಬಿಡುವಂಥದ್ದಲ್ಲ. ಅದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ.

ಮೊದಲ ಮೂರು ಪುಟ ತೆಗೆದುಬಿಡಿ. ಪ್ರಾಚೀನ ರೋಮಿನ ಕೊರ್ನೇಲಿಯಸ್ ವಂಶದಿಂದ ಬಂದವರು ಅನ್ನುವುದು ಆ ಮನೆಯವರೇ ಹೇಳಿಕೊಂಡ ಮಾತು. ದುಡ್ಡು ಬಂದ ಮೇಲೆ ವಂಶವೃಕ್ಷ ಉದ್ದವಾಗುವುದು ಎಲ್ಲ ಊರಲ್ಲೂ ಇದ್ದದ್ದೇ. ಹಾಗೆ ಹೇಳಿಕೊಳ್ಳುತ್ತಿದ್ದರು ಅಂತ ಒಂದು ಸಾಲು ಸಾಕು.

ಶೀರ್ಷಿಕೆಯಲ್ಲೇ ಎಡವಿದ್ದೀರಿ. ವೆನಿಸ್ ಗಣರಾಜ್ಯ, ಅದರ ಡೋಜ್ ಆರಿಸಿ ಬಂದ ಮುಖ್ಯಸ್ಥ, ದೊರೆಯಲ್ಲ. 1268ರಿಂದ ಅವನನ್ನು ಆರಿಸುತ್ತಿದ್ದ ರೀತಿಯನ್ನೇ ನೋಡಿ. ಚೀಟಿ ಎತ್ತಿ 30 ಜನ, ಮತ್ತೆ ಚೀಟಿ ಎತ್ತಿ ಅವರಲ್ಲಿ 9 ಜನ. ಆ 9 ಜನ ಸೇರಿ 40 ಜನರನ್ನು ಆರಿಸಬೇಕು. ಆ 40ರಲ್ಲಿ ಮತ್ತೆ ಚೀಟಿ. ಹೀಗೇ ಸಾಗಿ ಕೊನೆಗೆ 41 ಜನ ಡೋಜ್‌ನನ್ನು ಆರಿಸುತ್ತಿದ್ದರು. ಯಾವ ಮನೆತನವೂ ಒಳಗೊಳಗೇ ಕೈಯಾಡಿಸಬಾರದು ಅಂತಲೇ ಇಷ್ಟೆಲ್ಲ ಸರ್ಕಸ್. ಗೆದ್ದವನೂ ಹೊರದೇಶದ ಕಾಗದವನ್ನು ಒಬ್ಬನೇ ಒಡೆದು ಓದುವಂತಿರಲಿಲ್ಲ. ನೀವು ಹೆಮ್ಮೆಯಿಂದ ಎಣಿಸಿದ ನಾಲ್ವರಲ್ಲಿ ಫ್ರಾನ್ಸೆಸ್ಕೊ 1656ರಲ್ಲಿ ಡೋಜ್ ಆಗಿ ಮೂರು ವಾರ ತುಂಬುವ ಮೊದಲೇ ತೀರಿಕೊಂಡ.

ನಿಜವಾದ ಕಥೆ ಏಳನೇ ಪುಟದ ಒಂದು ಸಾಲಿನಲ್ಲಿ ಸಿಕ್ಕಿಹಾಕಿಕೊಂಡಿದೆ: ‘ಸೈಪ್ರಸ್ ದ್ವೀಪದಲ್ಲೂ ಅವರಿಗೆ ಆಸ್ತಿ ಇತ್ತು.’ ಎಂಥ ಆಸ್ತಿ ಸ್ವಾಮಿ? ಕಬ್ಬಿನ ಗದ್ದೆ! 14ನೇ ಶತಮಾನದಲ್ಲಿ ಫೆಡೆರಿಕೊ ಕೊರ್ನಾರೊ ಸೈಪ್ರಸ್‌ನ ರಾಜ ಒಂದನೇ ಪೀಟರ್‌ನಿಗೆ ದೊಡ್ಡ ಸಾಲ ಕೊಟ್ಟ. ಅದರ ಋಣಕ್ಕೆ ಎಪಿಸ್ಕೋಪಿ ಎಂಬ ಊರು ಸಿಕ್ಕಿತು. ಪಕ್ಕದ ಕೊಲೊಸ್ಸಿಯಲ್ಲಿ ಹಾಸ್ಪಿಟಲರ್ ಎಂಬ ಕ್ರೈಸ್ತ ಪಂಥದ ಯೋಧರೂ ಕಬ್ಬು ಹಾಕಿದ್ದರು. ಎರಡೂ ಗದ್ದೆಗೆ ಒಂದೇ ಹೊಳೆ. ನೀರಿನ ಜಗಳ ನಿಲ್ಲಲೇ ಇಲ್ಲ. 1494ರಲ್ಲಿ ಆ ದಾರಿಯಲ್ಲಿ ಹೋದ ಮಿಲಾನಿನ ಪಾದ್ರಿ ಪಿಯೆತ್ರೊ ಕಾಸೋಲ ಎಪಿಸ್ಕೋಪಿಯಲ್ಲಿ ಸುಮಾರು 400 ಜನ ಕೆಲಸ ಮಾಡುವುದನ್ನು ಕಂಡ. ಸಕ್ಕರೆ ಕಾಯಿಸುವ ಕೊಪ್ಪರಿಗೆಗಳು ಎಷ್ಟು ದೊಡ್ಡವೆಂದರೆ, ಹೇಳಿದರೂ ಯಾರೂ ನಂಬುವುದಿಲ್ಲ ಅಂತ ಬರೆದಿಟ್ಟ. ಇಂಥದ್ದು ಕೈಯಲ್ಲಿದ್ದರೆ ವಂಶಾವಳಿ ಯಾರಿಗೆ ಬೇಕು?

ಸೈಪ್ರಸ್‌ನ ರಾಣಿಯಾದ ಕತೆರೀನಾ ಕೊರ್ನಾರೊಳ ಭಾಗಕ್ಕೆ ಬರೋಣ. ಅವಳು ಎಪಿಸ್ಕೋಪಿಯ ಶಾಖೆಯವಳಲ್ಲ, ಅದೇ ಮನೆತನದ ಇನ್ನೊಂದು ಶಾಖೆಯವಳು. ನೀವು ಎರಡನ್ನೂ ಕಲಸಿಬಿಟ್ಟಿದ್ದೀರಿ. 1468ರಲ್ಲಿ ಸೈಪ್ರಸ್ ರಾಜನಿಗೆ ಅವಳನ್ನು ಕೊಟ್ಟಾಗ ವೆನಿಸ್ ಅವಳನ್ನು ಗಣರಾಜ್ಯದ ಮಗಳು ಅಂತ ಮಾಡಿಕೊಂಡಿತು. ಇದನ್ನು ನೀವು ‘ಪ್ರೀತಿಯ ಸಂಕೇತ’ ಅಂದಿದ್ದೀರಿ. ಪ್ರೀತಿಯೂ ಇಲ್ಲ, ಏನೂ ಇಲ್ಲ. ಮಗಳ ಆಸ್ತಿ ನಾಳೆ ಯಾರಿಗೆ ಸೇರಬೇಕು, ಯೋಚಿಸಿ. 1473ರಲ್ಲಿ ಗಂಡ ಸತ್ತ. ಅದೇ ವರ್ಷ ಅವಳ ಚಿಕ್ಕಪ್ಪ ಆಂದ್ರೆಯನನ್ನು ಪಿತೂರಿಗಾರರು ಕೊಂದರು. ಮರುವರ್ಷ ಕೂಸೂ ಹೋಯಿತು. 1489ರಲ್ಲಿ ಗಣರಾಜ್ಯ ಅವಳ ಸಹೋದರ ಜೋರ್ಜಿಯನ್ನೇ ಕಳುಹಿಸಿ ರಾಜ್ಯ ಬಿಟ್ಟುಕೊಡಲು ಅವಳನ್ನು ಒಪ್ಪಿಸಿತು. ದ್ವೀಪ ವೆನಿಸ್‌ಗೆ ಹೋಯಿತು. ಅವಳಿಗೆ ಸಿಕ್ಕಿದ್ದು ಆಸೊಲೊ ಎಂಬ ಸಣ್ಣ ಊರು. ಇಲ್ಲಿ ಅಣ್ಣತಂಗಿ ಅಪ್ಪಿಕೊಂಡು ಅಳುವ ದೃಶ್ಯ ಸೇರಿಸಿದ್ದೀರಿ. ಸುಮ್ನೆ ಯಾಕೆ? ಈ ಕೆಲಸಕ್ಕೆ ಜೋರ್ಜಿಗೆ ಗೌರವ, ಪದವಿ ಸಿಕ್ಕವು ಅಂತಷ್ಟೇ ಬರೆಯಿರಿ. ಕಣ್ಣೀರಿಗಿಂತ ಅದು ಜಾಸ್ತಿ ಚುಚ್ಚುತ್ತದೆ.

ಇನ್ನೊಂದು ನೀವು ಬಿಟ್ಟೇಬಿಟ್ಟಿದ್ದೀರಿ. 1532ರಲ್ಲಿ ಗ್ರ್ಯಾಂಡ್ ಕಾಲುವೆಯ ದಡದಲ್ಲಿದ್ದ ಕತೆರೀನಾಳ ಶಾಖೆಯ ಅರಮನೆ ಸುಟ್ಟುಹೋಯಿತು. ಒದ್ದೆ ಸಕ್ಕರೆ ಒಣಗಲಿ ಅಂತ ಅಟ್ಟದಲ್ಲಿ ಕೆಂಡ ಇಟ್ಟಿದ್ದರು, ಅದೇ ಹತ್ತಿಕೊಂಡಿತು. ವಾಸ್ತುಶಿಲ್ಪಿ ಸಾನ್ಸೊವಿನೊ ಅದೇ ಜಾಗದಲ್ಲಿ ಕಟ್ಟಿದ ಅರಮನೆ ಈಗಲೂ ಇದೆ. ನಿಮ್ಮ ಲೇಖನದಲ್ಲಿ ಅದರ ಕಂಬಗಳ ವರ್ಣನೆ ಒಂದೂವರೆ ಪುಟ ಇದೆ, ಬೆಂಕಿ ಎಲ್ಲೂ ಇಲ್ಲ.

ಎಲೆನಾ ಕೊರ್ನಾರೊ ಪಿಸ್ಕೋಪಿಯಾಳನ್ನು ಕೊನೆಗೆ ತುರುಕಬೇಡಿ. 1678ರಲ್ಲಿ ಪಾದುವಾ ವಿಶ್ವವಿದ್ಯಾಲಯದಲ್ಲಿ ತತ್ವಶಾಸ್ತ್ರದ ಡಾಕ್ಟರೇಟ್ ಪಡೆದವಳು ಅವಳು. ದೇವತಾಶಾಸ್ತ್ರದಲ್ಲಿ ಕೊಡುವುದಕ್ಕೆ ಬಿಷಪ್ ಬಾರ್ಬರಿಗೊ ಅಡ್ಡ ಬಂದಿದ್ದ. ಅವಳಿಗೆ ಒಂದು ಪೂರ್ತಿ ಲೇಖನವೇ ಬೇಕು, ಬರೆಯುವುದಾದರೆ ಆಮೇಲೆ ನೋಡೋಣ. ಮೊದಲು ಸಕ್ಕರೆಯ ಕಥೆಯನ್ನು ಸಾಲದಿಂದ ಶುರುಮಾಡಿ, ಈಗಿರುವ ಉದ್ದದ ಅರ್ಧಕ್ಕೆ ಇಳಿಸಿ ಕಳುಹಿಸಿ.