ಸಾವು ಬಂದನೋ, ಬಂತೋ?

ಈ ಸಲದ ಪತ್ರಗಳಲ್ಲಿ ಹೆಚ್ಚಿನವು ಅಮೆರಿಕದ ಕವಯಿತ್ರಿಯರ ಬಗ್ಗೆ, ಅವರ ಮೇಲೆ ವಿದ್ವಾಂಸರು ಬರೆದ ಪುಸ್ತಕಗಳ ಬಗ್ಗೆ. ಒಂದೇ ಥರದ ಪ್ರಶ್ನೆಗಳನ್ನು ಒಟ್ಟುಮಾಡಿ ಉತ್ತರಿಸಿದ್ದೇವೆ.

ಎಮಿಲಿ ಡಿಕಿನ್ಸನ್‌ಳ ‘ಬಿಕಾಸ್ ಐ ಕುಡ್ ನಾಟ್ ಸ್ಟಾಪ್ ಫಾರ್ ಡೆತ್’ ಪದ್ಯ ನನ್ನಲ್ಲಿರುವ ಹಳೆಯ ಸಂಕಲನದಲ್ಲಿ ಐದು ಚರಣ, ವಿಮರ್ಶೆಯ ಪುಸ್ತಕದಲ್ಲಿ ಆರು. ಶಬ್ದಗಳೂ ಬೇರೆ. ಒಬ್ಬರು ಅದನ್ನು 712ನೇ ಪದ್ಯ ಅಂತಾರೆ, ಇನ್ನೊಬ್ಬರು 479 ಅಂತಾರೆ. ಸಂಪ್ರಬಂಧದಲ್ಲಿ ಯಾವುದನ್ನು ಹಿಡಿಯಲಿ?
— ಎಂ.ಎ. ವಿದ್ಯಾರ್ಥಿನಿ, ಉಡುಪಿ

ಇದು ಪಾಠಾಂತರದ ಪ್ರಶ್ನೆ, ಅಂದರೆ ಒಂದೇ ಪದ್ಯದ ಬೇರೆ ಬೇರೆ ರೂಪಗಳದ್ದು. ಹಳಗನ್ನಡ ಓದಿದವರಿಗೆ ಹೊಸತಲ್ಲ. ಡಿಕಿನ್ಸನ್ 1886ರಲ್ಲಿ ತೀರಿಕೊಂಡಾಗ ಅಚ್ಚಾಗಿದ್ದ ಪದ್ಯಗಳು ಹತ್ತರ ಆಸುಪಾಸು, ಅವೂ ಹೆಸರಿಲ್ಲದೆ. ಉಳಿದವು ತಂಗಿ ಲವಿನಿಯಾಗೆ ಮನೆಯಲ್ಲಿ ಸಿಕ್ಕಿದವು. ಅವುಗಳಲ್ಲಿ ಸುಮಾರು 800 ಪದ್ಯಗಳನ್ನು ಡಿಕಿನ್ಸನ್ ತಾನೇ ನಕಲು ಮಾಡಿ, ಹಾಳೆಗಳನ್ನು ದಾರದಿಂದ ಹೊಲಿದು 40 ಕಿರುಪುಸ್ತಕ ಮಾಡಿಟ್ಟಿದ್ದಳು. 1890ರಲ್ಲಿ ಮೇಬಲ್ ಲೂಮಿಸ್ ಟಾಡ್ ಮತ್ತು ಹಿಗಿನ್ಸನ್ ಮೊದಲ ಸಂಕಲನ ತಂದಾಗ ಪದ್ಯಗಳನ್ನು ‘ತಿದ್ದಿದರು’. ನಿಮ್ಮ ಪದ್ಯಕ್ಕೆ ‘ದ ಚಾರಿಯಟ್’ ಎಂಬ ಶೀರ್ಷಿಕೆ ಅಂಟಿಸಿದರು, ನಾಲ್ಕನೇ ಚರಣ ಬಿಟ್ಟರು, ಅಡ್ಡಗೆರೆಗಳನ್ನು ತೆಗೆದು ಅಲ್ಪವಿರಾಮ ಹಾಕಿದರು. ಐದನೇ ಚರಣದಲ್ಲಿ ಆಕೆ ‘ಗ್ರೌಂಡ್’ ಶಬ್ದಕ್ಕೆ ‘ಗ್ರೌಂಡ್’ ಶಬ್ದವನ್ನೇ ಪ್ರಾಸ ಮಾಡಿದ್ದಳು. ಇವರಿಗೆ ಅದು ಸಹಿಸಲಿಲ್ಲ, ಎರಡನೆಯದನ್ನು ‘ಮೌಂಡ್’ ಮಾಡಿದರು. ಪದ್ಯದಲ್ಲಿ ಬರುವ ಶಾಲೆಯ ಮಕ್ಕಳು ಆಕೆಯ ಹಸ್ತಪ್ರತಿಯಲ್ಲಿ ಪೈಪೋಟಿಯಿಂದ ಹೆಣಗುತ್ತಾರೆ, 1890ರ ಅಚ್ಚಿನಲ್ಲಿ ಸುಮ್ಮನೆ ಆಡುತ್ತಾರೆ.

1955ರಲ್ಲಿ ಥಾಮಸ್ ಜಾನ್ಸನ್ ಹಸ್ತಪ್ರತಿ ನೋಡಿ ಮೂರು ಸಂಪುಟಗಳಲ್ಲಿ 1775 ಪದ್ಯಗಳನ್ನು ಅಚ್ಚುಹಾಕಿಸಿದರು. ನಿಮ್ಮ 712 ಅವರ ಸಂಖ್ಯೆ. 1998ರಲ್ಲಿ ಆರ್. ಡಬ್ಲ್ಯು. ಫ್ರಾಂಕ್ಲಿನ್ ಮತ್ತೆ ಸಂಪಾದಿಸಿ, ಕಾಲಾನುಕ್ರಮ ಬದಲಿಸಿ, ಒಟ್ಟು 1789ಕ್ಕೆ ಮುಟ್ಟಿಸಿದರು. 479 ಅವರದ್ದು. ನೀವು ಫ್ರಾಂಕ್ಲಿನ್ ಪಾಠವನ್ನು ಆಧಾರವಾಗಿಟ್ಟುಕೊಳ್ಳಿ, ಆದರೆ ಎರಡೂ ಸಂಖ್ಯೆ ಕೊಡಿ. 1998ಕ್ಕಿಂತ ಹಿಂದಿನ ವಿಮರ್ಶೆಯಲ್ಲಿ ಜಾನ್ಸನ್ ಸಂಖ್ಯೆ ಮಾತ್ರ ಇರುವುದರಿಂದ, ಒಂದೇ ಕೊಟ್ಟರೆ ಓದುವವರು ಹುಡುಕಿ ಸುಸ್ತಾಗುತ್ತಾರೆ.

ವಿದ್ಯಾರ್ಥಿಗಳು ಎಡವುವುದು ಇಲ್ಲಿ: ಪದ್ಯವನ್ನು ಅಂತರ್ಜಾಲದಿಂದ ನಕಲು ಮಾಡುತ್ತಾರೆ, ವಿಮರ್ಶೆಯನ್ನು ಪುಸ್ತಕದಿಂದ ಎತ್ತುತ್ತಾರೆ. ಜಾಲದಲ್ಲಿ ಧಾರಾಳವಾಗಿ ಸಿಗುವುದು 1890ರ ದಶಕದ ಪಾಠ, ಅದಕ್ಕೆ ಹಕ್ಕುಸ್ವಾಮ್ಯದ ಹಂಗಿಲ್ಲವಲ್ಲ. ವಿಮರ್ಶಕಿ ಮಾತಾಡುವುದು ಅಡ್ಡಗೆರೆಯ ಬಗ್ಗೆ, ಮೇಲೆ ಉಲ್ಲೇಖಿಸಿದ ಪದ್ಯದಲ್ಲಿ ಒಂದೂ ಅಡ್ಡಗೆರೆ ಇಲ್ಲ! ಪರೀಕ್ಷಕರ ಕಣ್ಣಿಗೆ ಮೊದಲು ಬೀಳುವುದೇ ಇದು. ಹಾರ್ವರ್ಡ್ 2013ರಲ್ಲಿ ತೆರೆದ ಡಿಕಿನ್ಸನ್ ಆರ್ಕೈವ್‌ನಲ್ಲಿ ಹಸ್ತಪ್ರತಿಯ ಚಿತ್ರಗಳೇ ಉಚಿತವಾಗಿ ನೋಡಸಿಗುತ್ತವೆ. ಶಬ್ದದ ಪಕ್ಕ ಸಣ್ಣ ಕೂಡಿಸುವ ಗುರುತು ಕಂಡರೆ, ಆಕೆ ಪುಟದ ಕೆಳಗೆ ಬದಲಿ ಶಬ್ದ ಬರೆದಿದ್ದಾಳೆ ಎಂದು ತಿಳಿಯಿರಿ. ಆ ಬದಲಿಗಳನ್ನೆಲ್ಲ ಅಂಚಿನಲ್ಲಿ ಮುದ್ರಿಸಿದ್ದು ಕ್ರಿಸ್ಟಾನ್ ಮಿಲ್ಲರ್ ಅವರ 2016ರ ಆವೃತ್ತಿ. ಸಂಪ್ರಬಂಧ ಶಬ್ದದ ಆಯ್ಕೆಯ ಮೇಲಿದ್ದರೆ ಅದನ್ನು ನೋಡದೆ ಬರೆಯಬೇಡಿ.

ನಾನು ಕನ್ನಡ ಅಧ್ಯಾಪಕ, ಇಂಗ್ಲಿಷ್ ವಿಭಾಗದವನಲ್ಲ. ಅಮೆರಿಕದ ಮಹಿಳಾ ಕಾವ್ಯದ ವಿಮರ್ಶೆಯಲ್ಲಿ ಎರಡು ಮೂರು ಪುಸ್ತಕ ಓದುವಷ್ಟೇ ಪುರುಸೊತ್ತು. ಯಾವುದು ಮೊದಲು?
— ಮಂಗಳೂರು

ಮೊದಲು ಅಲಿಶಿಯಾ ಆಸ್ಟ್ರೈಕರ್ ಅವರ ‘ಸ್ಟೀಲಿಂಗ್ ದ ಲಾಂಗ್ವೇಜ್’ (1986). ಅವರು ಸ್ವತಃ ಕವಿ, ಹಾಗಾಗಿ ಸಿದ್ಧಾಂತದ ಹೊಗೆ ಕಡಿಮೆ. ಸಮಯ ತೀರಾ ಕಮ್ಮಿಯಿದ್ದರೆ ಪುರಾಣಗಳನ್ನು ಹೆಣ್ಣಿನ ಬಾಯಲ್ಲಿ ಮರಳಿ ಹೇಳಿಸುವ ಕುರಿತ ಅಧ್ಯಾಯವೊಂದನ್ನೇ ಓದಿ. ಎಚ್.ಡಿ. ಎಂಬ ಹೆಸರಿನಲ್ಲಿ ಬರೆದ ಹಿಲ್ಡಾ ಡೂಲಿಟಲ್‌ಳ ‘ಹೆಲೆನ್ ಇನ್ ಈಜಿಪ್ಟ್’ (1961), ಗ್ರಿಮ್ ಕಥೆಗಳನ್ನು ತಲೆಕೆಳಗು ಮಾಡಿದ ಆನ್ ಸೆಕ್ಸ್‌ಟನ್‌ಳ ‘ಟ್ರಾನ್ಸ್‌ಫರ್ಮೇಶನ್ಸ್’ (1971) ಇಂಥವನ್ನು ಹಿಡಿದು ಬೆಳೆಯುವ ವಾದ ಅದು. ವೈದೇಹಿಯವರ ‘ಶಕುಂತಲೆಯೊಂದಿಗೆ ಕಳೆದ ಅಪರಾಹ್ನ’ ಓದಿದ ಕರಾವಳಿಯ ಓದುಗರಿಗೆ ಆ ಅಧ್ಯಾಯ ಅರ್ಧ ತಿಳಿದಂತೆಯೇ.

ಆಮೇಲೆ ಆಡ್ರಿಯೆನ್ ರಿಚ್‌ಳ ಎರಡು ಪ್ರಬಂಧಗಳು: ‘ವೆನ್ ವಿ ಡೆಡ್ ಅವೇಕನ್’, ಮತ್ತು ಡಿಕಿನ್ಸನ್ ಬಗ್ಗೆ ಬರೆದ ‘ವೆಸೂವಿಯಸ್ ಅಟ್ ಹೋಮ್’. ಎರಡನೆಯದು ವಾಸಿ. ಮನೆ ಬಿಟ್ಟು ಹೊರಡದ, ಬಿಳಿ ಬಟ್ಟೆಯ ಪಾಪದ ಹೆಂಗಸು ಎಂಬ ಚಿತ್ರವನ್ನು ಅದು ಕೆಡವಿ, ತನ್ನ ಶಕ್ತಿ ಗೊತ್ತಿದ್ದೇ ಒಳಗೆ ಉಳಿದವಳನ್ನು ತೋರಿಸುತ್ತದೆ.

ಮೂರನೆಯದು ಗಿಲ್ಬರ್ಟ್ ಮತ್ತು ಗೂಬರ್ ಅವರ ‘ದ ಮ್ಯಾಡ್‌ವುಮನ್ ಇನ್ ದ ಆಟಿಕ್’ (1979). ಏಳುನೂರು ಪುಟ ಮೀರಿದ ಪುಸ್ತಕ, ಹೆಚ್ಚಿನ ಭಾಗ ಇಂಗ್ಲೆಂಡಿನ ಕಾದಂಬರಿಕಾರ್ತಿಯರದ್ದು. ನಿಮಗೆ ಬೇಕಾದದ್ದು ಮೊದಲ ಒಂದೆರಡು ಅಧ್ಯಾಯ, ಮತ್ತೆ ಡಿಕಿನ್ಸನ್ ಕುರಿತ ಕೊನೆಯದು.

ಇಲೇನ್ ಶೋವಾಲ್ಟರ್ ಹೆಸರು ಕೇಳಿ ‘ಎ ಲಿಟರೇಚರ್ ಆಫ್ ದೇರ್ ಓನ್’ (1977) ತರಿಸಿಕೊಂಡವರು ಬಹಳ. ಅದು ಬ್ರಿಟಿಷ್ ಕಾದಂಬರಿಯ ಪುಸ್ತಕ. ಅಮೆರಿಕಕ್ಕೆ ಬೇಕಾದದ್ದು ಅವರದೇ ‘ಎ ಜ್ಯೂರಿ ಆಫ್ ಹರ್ ಪೀಯರ್ಸ್’ (2009). ಆನ್ ಬ್ರಾಡ್‌ಸ್ಟ್ರೀಟ್‌ನಿಂದ ಆನಿ ಪ್ರೂವರೆಗಿನ ನಕ್ಷೆ ಅದು, ಓದುವುದಕ್ಕಿಂತ ತೆರೆದು ನೋಡುವುದಕ್ಕೆ ಒಳ್ಳೆಯದು. ಸೂಸನ್ ಹೋವ್‌ಳ ‘ಮೈ ಎಮಿಲಿ ಡಿಕಿನ್ಸನ್’ (1985) ಅದ್ಭುತ, ಆದರೆ ಡಿಕಿನ್ಸನ್‌ಳ ಐವತ್ತು ಪದ್ಯವಾದರೂ ಗೊತ್ತಿಲ್ಲದವರಿಗೆ ಕಬ್ಬಿಣದ ಕಡಲೆ.

ಓದುವ ಕ್ರಮವೊಂದು ಹೇಳುತ್ತೇವೆ. ಅಧ್ಯಾಯ ಹಿಡಿಯುವ ಮೊದಲು ಪುಸ್ತಕದ ಹಿಂದಿನ ಸೂಚಿ ನೋಡಿ ಅದರಲ್ಲಿ ಬರುವ ಪದ್ಯಗಳ ಪಟ್ಟಿ ಮಾಡಿ, ಪ್ರತಿಯೊಂದನ್ನೂ ಎರಡು ಸಲ ಗಟ್ಟಿಯಾಗಿ ಓದಿ, ಆಮೇಲೆ ವಿಮರ್ಶೆಗೆ ಬನ್ನಿ. ತಿರುಗಾಮುರುಗಾ ಮಾಡಿದರೆ ವಿಮರ್ಶಕಿ ಕೊಟ್ಟ ನಾಲ್ಕು ಸಾಲಿನ ತುಣುಕೇ ನಿಮಗೆ ಪದ್ಯವಾಗಿಬಿಡುತ್ತದೆ. ಪುಸ್ತಕಗಳಿಗೆ ವಿಷಯವಾರು ಸಂಖ್ಯೆ ಕೊಡುವ ಡ್ಯೂಯಿ ಕ್ರಮದಲ್ಲಿ ಜೋಡಿಸಿದ ಲೈಬ್ರರಿಯಲ್ಲಿ ಅಮೆರಿಕದ ಕಾವ್ಯ 811ರಲ್ಲಿ, ಅಲ್ಲಿ ಡಿಕಿನ್ಸನ್ 811.4, ಸಿಲ್ವಿಯಾ ಪ್ಲಾತ್ ಮತ್ತು ರಿಚ್ 811.54. ಮಹಿಳಾ ಬರವಣಿಗೆಯ ವಿಮರ್ಶೆ ಮಾತ್ರ 810.9ರ ಕಡೆ ಹೋಗಿ ಕೂತಿರುತ್ತದೆ. ಒಂದೇ ಕಪಾಟು ನೋಡಿ ‘ಇಲ್ಲ’ ಎಂದು ವಾಪಸಾಗಬೇಡಿ.

ಅದೇ ಸಾವಿನ ಪದ್ಯವನ್ನು ಕನ್ನಡಕ್ಕೆ ತರುತ್ತಿದ್ದೇನೆ. ಮೊದಲ ಚರಣದಲ್ಲೇ ನಿಂತುಹೋಗಿದೆ.
— ಮಣಿಪಾಲ

ನಿಲ್ಲಲೇಬೇಕು. ಇಂಗ್ಲಿಷಿನಲ್ಲಿ ಸಾವು ‘ಹಿ’, ಗಾಡಿ ತಂದು ಕರೆದೊಯ್ಯುವ ಸಭ್ಯ ಗಂಡಸು. ಕನ್ನಡದ ಸಾವು ನಪುಂಸಕ. ‘ಸಾವು ಬಂತು’ ಎಂದರೆ ಅದು ಬರೀ ಸುದ್ದಿ. ‘ಮೃತ್ಯು’ ಎಂದರೆ ಮಹಾಭಾರತದಲ್ಲಿ ಆಕೆ ಹೆಣ್ಣು. ‘ಯಮ’ ಎಂದಿರೋ, ಕೋಣ, ಪಾಶ, ಚಿತ್ರಗುಪ್ತ, ಸಾವಿತ್ರಿ ಎಲ್ಲರೂ ಗಾಡಿ ಹತ್ತುತ್ತಾರೆ. ಡಿಕಿನ್ಸನ್ ಅದರಲ್ಲಿ ಕೂರಿಸಿದ್ದು ತಮ್ಮಿಬ್ಬರ ಜತೆ ಅಮರತ್ವವೊಂದನ್ನೇ. ‘ಸಾವು’ ಎಂದೇ ಬರೆದು ಕೂಡಲೇ ‘ಅವನು’ ಎಂದು ಹೇಳುವುದು ನಮ್ಮ ಸಲಹೆ. ಕಿವಿಗೆ ಒಂದು ಕ್ಷಣ ಕೊಂಕು ಅನಿಸುತ್ತದೆ, ಅನಿಸಲಿ.

ಗಾಡಿಗೂ ಇದೇ ಪೇಚು. 1890ರ ಶೀರ್ಷಿಕೆ ನೋಡಿ ‘ರಥ’ ಎಂದು ಬರೆದರೆ ಉಡುಪಿಯ ಓದುಗರು ನೇರ ರಥಬೀದಿಗೆ ಹೋಗುತ್ತಾರೆ. ಜಟಕಾ ಬಾಡಿಗೆಯದ್ದು. ‘ಸಾರೋಟು’ ಸರಿಹೊಂದುತ್ತದೆ.

ಛಂದಸ್ಸು ಕ್ರೈಸ್ತ ಪ್ರಾರ್ಥನಾಗೀತೆಯದ್ದು: ಒಂದು ಸಾಲಿಗೆ ಎಂಟು ಅಕ್ಷರ, ಮುಂದಿನದಕ್ಕೆ ಆರು. ‘ಅಮೇಜಿಂಗ್ ಗ್ರೇಸ್’ ಧಾಟಿಗೆ ಈ ಪದ್ಯವನ್ನು ಹಾಡಿ ನೋಡಬಹುದು. ಬಾಸೆಲ್ ಮಿಶನ್‌ನವರು 1834ರಲ್ಲಿ ಮಂಗಳೂರಿಗೆ ಬಂದ ಮೇಲೆ ಇಂಥ ಧಾಟಿಗಳಿಗೆ ಕನ್ನಡ ಮಾತು ಕೂಡಿಸುವ ರೂಢಿ ಇಲ್ಲಿ ಬೇರೂರಿತು, ಆ ಹಾಡುಗಳು ನಿಮಗೆ ಒಳ್ಳೆಯ ಪಾಠ. ಆದರೆ ಅಕ್ಷರ ಎಣಿಸಬೇಡಿ. ಕನ್ನಡದ ಶಬ್ದಗಳು ಪ್ರತ್ಯಯ ಹೊತ್ತು ಉದ್ದವಾಗುವುದರಿಂದ ಎಂಟು ಅಕ್ಷರದಲ್ಲಿ ಎರಡು ಮೂರು ಶಬ್ದ ಹಿಡಿಸಿದರೆ ಹೆಚ್ಚು. ನಾಲ್ಕು ಮಾತ್ರೆಯ ಗಣ ಹಿಡಿಯಿರಿ: ಮೊದಲ ಸಾಲಿಗೆ ನಾಲ್ಕು ಗಣ, ಎರಡನೆಯದಕ್ಕೆ ಮೂರು ಗಣ ಮತ್ತು ಒಂದು ಮುಡಿ, ಅಂದರೆ ಗಣದ ಹೊರಗೆ ಉಳಿಯುವ ಕೊನೆಯ ಅಕ್ಷರ.

ಸಾವಿಗೆ ನಿಲ್ಲಲು ಬಿಡುವಿರಲಿಲ್ಲ
ಅವನೇ ನಿಂತನು ನನಗಾಗಿ

ಲಯ ಕೂತಿತು. ಮೊದಲ ಸಾಲಿನ ಕೊನೆಯ ಗಣದಲ್ಲಿ ಒಂದು ಮಾತ್ರೆ ಕಡಿಮೆ, ಹಾಡುವಾಗ ಎಳೆದರೆ ತುಂಬುತ್ತದೆ. ಆದರೆ ಕಳೆದುಕೊಂಡದ್ದು ನೋಡಿ: ಮೂಲದ ‘ಹಿ ಕೈಂಡ್ಲಿ ಸ್ಟಾಪ್ಡ್ ಫಾರ್ ಮಿ’ ಸಾಲಿನ ‘ಕೈಂಡ್ಲಿ’ ಹೋಯಿತು, ಪದ್ಯದ ವ್ಯಂಗ್ಯವೆಲ್ಲ ಇದ್ದದ್ದು ಅದರಲ್ಲಿ. ‘ತಾನೇ ನಿಂತನು ದಯೆತೋರಿ’ ಎಂದರೆ ದಯೆ ಬಂತು, ‘ನನಗಾಗಿ’ ಹೋಯಿತು. ಪದ್ಯದ ಮೊದಲ ಶಬ್ದವಾದ ‘ಬಿಕಾಸ್’ ಎರಡರಲ್ಲೂ ಇಲ್ಲ. ಕನ್ನಡದಲ್ಲಿ ಕಾರಣ ಹೇಳುವುದು ‘-ದರಿಂದ’, ಅದು ವಾಕ್ಯದ ಬಾಲದಲ್ಲಿ ಬರುತ್ತದೆ, ಮೂರು ನಾಲ್ಕು ಮಾತ್ರೆ ನುಂಗುತ್ತದೆ. ನಮ್ಮ ಆಯ್ಕೆ ಎರಡನೆಯದು. ಯಾರಿಗಾಗಿ ನಿಂತ ಎಂಬುದು ಮುಂದಿನ ಸಾಲಿನಲ್ಲಿ ಇಬ್ಬರೂ ಒಟ್ಟಿಗೆ ಕೂತಾಗ ಹೇಗೂ ತಿಳಿಯುತ್ತದೆ.

ಪ್ರಾಸದಲ್ಲಿ ಬಿಗಿ ಬೇಡ. ‘ಚಿಲ್’ ಜತೆಗೆ ‘ಟ್ಯೂಲ್’, ‘ಡೇ’ ಜತೆಗೆ ‘ಇಟರ್ನಿಟಿ’, ಆಕೆಯದ್ದು ಇಂಥ ಓರೆ ಪ್ರಾಸ. ಕನ್ನಡದಲ್ಲಿ ‘-ಇತು’, ‘-ಅಲ್ಲಿ’ ಎಂದು ಪ್ರತ್ಯಯದಿಂದ ಪ್ರಾಸ ಮಾಡುವುದು ಅಗ್ಗ, ಪದ್ಯ ಜಾಹೀರಾತಿನಂತೆ ಕೇಳುತ್ತದೆ. ವ್ಯಂಜನ ಒಂದೇ ಇಟ್ಟು ಸ್ವರ ಬದಲಿಸಿ: ಹಾಲು–ಹೊಲ, ಬೀದಿ–ಬದಿ.

ಅಕ್ಕಮಹಾದೇವಿ ಮತ್ತು ಡಿಕಿನ್ಸನ್ ತೌಲನಿಕ ಅಧ್ಯಯನ ಪಿಎಚ್.ಡಿ.ಗೆ ಆದೀತೇ?
— ಕಾರ್ಕಳ

ಇಬ್ಬರೂ ಏಕಾಂಗಿ, ಇಬ್ಬರೂ ದೇವರೊಡನೆ ಮಾತಾಡಿದರು ಎಂಬಷ್ಟೇ ಆದರೆ ಬೇಡ. ಒಬ್ಬಳು ಮನೆ ಬಿಟ್ಟು ಹೊರಟವಳು, ಇನ್ನೊಬ್ಬಳು ಬಾಗಿಲು ಹಾಕಿಕೊಂಡವಳು. ಹೋಲಿಕೆ ಮೂರನೇ ಪುಟಕ್ಕೇ ಮುಗಿಯುತ್ತದೆ. ಹೋಲಿಸಲು ನಿಜವಾಗಿ ಯೋಗ್ಯವಾದದ್ದು ಇಬ್ಬರ ಪಾಠದ ಚರಿತ್ರೆ. ಅಕ್ಕನ ಮಾತುಗಳು 15ನೇ ಶತಮಾನದ ಶೂನ್ಯಸಂಪಾದನೆಯಲ್ಲಿ ಬೇರೆಯವರು ಕಟ್ಟಿದ ಸಂವಾದದೊಳಗೆ ಬಂದು ಕೂತವು. ಡಿಕಿನ್ಸನ್‌ಳವು ಟಾಡ್ ಮತ್ತು ಹಿಗಿನ್ಸನ್ ಇಟ್ಟ ಶೀರ್ಷಿಕೆಗಳ ಕೆಳಗೆ. ಎ.ಕೆ. ರಾಮಾನುಜನ್ 1973ರ ‘ಸ್ಪೀಕಿಂಗ್ ಆಫ್ ಶಿವ’ದಲ್ಲಿ ವಚನಗಳನ್ನು ತುಂಡು ಸಾಲುಗಳಾಗಿ ಒಡೆದು ಮುದ್ರಿಸಿದ್ದರಿಂದ, ಅಮೆರಿಕದ ಓದುಗರಿಗೆ ಅಕ್ಕ ಸಿಕ್ಕಿದ್ದೇ ಆಧುನಿಕ ಕವಿಯ ವೇಷದಲ್ಲಿ. ಇಬ್ಬರ ಐದೈದು ರಚನೆ ಸಾಕು, ಆದರೆ ಪ್ರತಿಯೊಂದಕ್ಕೂ ಕನಿಷ್ಠ ಮೂರು ಪಾಠ ಎದುರಿಗಿಟ್ಟುಕೊಳ್ಳಿ.

ಸಿಲ್ವಿಯಾ ಪ್ಲಾತ್‌ಳ ‘ಏರಿಯಲ್’ ಸಂಕಲನ ಎರಡು ಬಗೆಯಲ್ಲಿದೆಯಂತೆ, ಹೌದೇ?
— ಸುರತ್ಕಲ್

ಹೌದು. 1963ರಲ್ಲಿ ಆಕೆ ಸತ್ತಾಗ ಮೇಜಿನ ಮೇಲಿದ್ದ ಹಸ್ತಪ್ರತಿ ‘ಲವ್’ ಶಬ್ದದಿಂದ ಶುರುವಾಗಿ ‘ಸ್ಪ್ರಿಂಗ್’ ಶಬ್ದಕ್ಕೆ ಮುಗಿಯುತ್ತಿತ್ತು, ಕೊನೆಗೆ ಜೇನ್ನೊಣದ ಪದ್ಯಗಳು. 1965ರಲ್ಲಿ ಆಕೆಯ ಗಂಡ, ಕವಿ ಟೆಡ್ ಹ್ಯೂಸ್ ಹಲವು ಪದ್ಯ ತೆಗೆದು, ‘ಎಡ್ಜ್’, ‘ವರ್ಡ್ಸ್’ನಂಥ ಕೊನೆಯ ದಿನಗಳ ಪದ್ಯಗಳನ್ನು ಸೇರಿಸಿ ಅಚ್ಚುಹಾಕಿಸಿದರು. ಇಡೀ ಪುಸ್ತಕ ಸಾವಿನತ್ತ ಜಾರಿದಂತೆ ಓದಿಸಿಕೊಂಡದ್ದು ಹಾಗೆ. ಆಕೆಯ ಜೋಡಣೆ 2004ರಲ್ಲಿ ಪ್ರತ್ಯೇಕ ಆವೃತ್ತಿಯಾಗಿ ಬಂತು. ಅದಕ್ಕಿಂತ ಹಿಂದಿನ ವಿಮರ್ಶಕರು ‘ಸಂಕಲನದ ಕೊನೆ’ ಎಂದು ಬರೆದಲ್ಲೆಲ್ಲ ಸಾಮಾನ್ಯವಾಗಿ ಹ್ಯೂಸ್ ಅವರ ಕೊನೆ ಎಂದೇ ಓದಿಕೊಳ್ಳಿ.