ಸೂಜಿ ಚುಚ್ಚಿದರೆ ಬಲೂನ್ ಢಂ ಅಂತ ಒಡೆಯುವುದು ಯಾಕೆ?

ಒಳಗಿನ ಗಾಳಿಗಿಂತ ಹೆಚ್ಚಾಗಿ, ಬಿಗಿಯಾಗಿ ಹಿಗ್ಗಿದ ರಬ್ಬರೇ ಇದಕ್ಕೆ ಮುಖ್ಯ ಕಾರಣ. ಸೂಜಿ ಸಣ್ಣ ತೂತು ಮಾಡಿದ ಕೂಡಲೇ ಎಳೆತವೆಲ್ಲ ಆ ತೂತಿನ ಅಂಚಿಗೆ ಬೀಳುತ್ತದೆ. ಅಲ್ಲಿಂದ ಬಿರುಕು ಸೆಕೆಂಡಿಗೆ ನೂರಾರು ಮೀಟರ್ ವೇಗದಲ್ಲಿ ಓಡುತ್ತದೆ. ಒತ್ತಡದಲ್ಲಿದ್ದ ಗಾಳಿ ಒಮ್ಮೆಲೇ ಹೊರಗೆ ಹರಡುತ್ತದೆ. ನಮಗೆ ಕೇಳುವ ಢಂ ಅದೇ.

ನನಗೆ ತುಂಬಾ ಇಷ್ಟವಾಗುವುದು ಚೂರುಗಳ ವಿಷಯ. 2015ರಲ್ಲಿ ಫ್ರಾನ್ಸಿನ ಇಬ್ಬರು ವಿಜ್ಞಾನಿಗಳು ಇದನ್ನು ಹೈಸ್ಪೀಡ್ ಕ್ಯಾಮೆರಾದಲ್ಲಿ ಸೆರೆಹಿಡಿದರು. ಕಡಿಮೆ ಊದಿದ್ದರೆ ಒಂದೇ ಬಿರುಕು, ದೊಡ್ಡ ತುಂಡುಗಳು. ಜಾಸ್ತಿ ಊದಿದ್ದರೆ? ಬಿರುಕು ಒಂದು ಮಿತಿಗಿಂತ ವೇಗವಾಗಿ ಓಡಲಾರದು, ಹಾಗಾಗಿ ಕವಲೊಡೆಯುತ್ತಾ ಹೋಗುತ್ತದೆ. ಬಲೂನ್ ಸಣ್ಣ ಸಣ್ಣ ಪಟ್ಟಿಗಳಾಗಿ ಚೂರಾಗುತ್ತದೆ.

ಗಂಟಿನ ಹತ್ತಿರ ರಬ್ಬರ್ ದಪ್ಪಗಿರುತ್ತದೆ, ಅಷ್ಟಾಗಿ ಹಿಗ್ಗಿರುವುದಿಲ್ಲ ಅಲ್ವಾ? ಅಲ್ಲಿ ಸೂಜಿಯನ್ನು ನಿಧಾನಕ್ಕೆ ತೂರಿಸಿದರೆ ಸಾಮಾನ್ಯವಾಗಿ ಒಡೆಯುವುದಿಲ್ಲ, ಗಾಳಿ ಸುಮ್ನೆ ಸೋರುತ್ತದೆ.