ರಣಜಿ ಆಡಿದ್ರೆ ಅಂಪೈರಿಂಗ್ ಸುಲಭಾನಾ? ಮತ್ತೆ ಅದೇ ಪ್ರಶ್ನೆ!

ಪ್ರಶ್ನೆ: ಸರ್, ನನ್ ತಮ್ಮ ಫಸ್ಟ್ ಡಿವಿಷನ್ ಆಡಿದಾನೆ, ರಣಜಿ ಪ್ರಾಬಬಲ್ಸ್ (ಸಂಭಾವ್ಯರ ಪಟ್ಟಿ) ವರೆಗೂ ಹೋಗಿದ್ದ. ಈಗ ಅಂಪೈರ್ ಆಗ್ಬೇಕಂತೆ. ಆಡಿರೋರಿಗೆ ಪರೀಕ್ಷೆ ಸುಲಭ ಅಲ್ವಾ?

ಅಲ್ಲ. ತಿಂಗಳಿಗೊಬ್ರು ಇದನ್ನೇ ಕೇಳ್ತೀರಿ, ಅದಕ್ಕೇ ಈ ಸಲ ಉದ್ದ ಬರೀತಿದೀನಿ. 2022ರಲ್ಲಿ ಬಿಸಿಸಿಐ ಅಹಮದಾಬಾದಲ್ಲಿ ಮಹಿಳೆಯರ, ಜೂನಿಯರ್ ಮ್ಯಾಚ್‌ಗಳಿಗೆ ಅಂತ ಪರೀಕ್ಷೆ ಇಟ್ಟಾಗ 140 ಜನ ಬರೆದು ಪಾಸಾಗಿದ್ದು 3 ಜನ. ಒಂದು ಪ್ರಶ್ನೆ ನೋಡಿ: ಮರದ ನೆರಳು, ಪೆವಿಲಿಯನ್ ನೆರಳು ಇಲ್ಲಾ ಫೀಲ್ಡರ್ ನೆರಳು ಪಿಚ್ ಮೇಲೆ ಬೀಳ್ತಿದೆ ಅಂತ ಬ್ಯಾಟ್ಸ್‌ಮನ್ ದೂರು ಹೇಳಿದ್ರೆ ಏನ್ ಮಾಡ್ತೀರಿ? ಮರ, ಪೆವಿಲಿಯನ್ ನೆರಳಿಗೆ ತಲೆ ಕೆಡಿಸ್ಕೋಬಾರ್ದು, ಫೀಲ್ಡರ್‌ಗೆ ಅಲ್ಲಾಡದೆ ನಿಂತ್ಕೊ ಅನ್ಬೇಕು, ಅವನು ಅಲ್ಲಾಡಿದ್ರೆ ಡೆಡ್ ಬಾಲ್, ಅಂದ್ರೆ ಆ ಎಸೆತ ಲೆಕ್ಕಕ್ಕಿಲ್ಲ. ಇಪ್ಪತ್ತು ವರ್ಷ ಆಡಿದೋರನ್ನೂ ಕೇಳಿ ನೋಡಿ, ತಡವರಿಸ್ತಾರೆ.

ಅಸಲಿ ತೊಂದರೆ ಕಣ್ಣಿನ ಅಭ್ಯಾಸದ್ದು. ಆಟಗಾರನ ಕಣ್ಣು ಬೌಲರ್ ಕೈಯಿಂದಾನೇ ಬಾಲ್ ಹಿಂದೆ ಹೋಗುತ್ತೆ, ಅಂಪೈರ್ ಕಣ್ಣು ಮೊದಲು ಬೌಲರ್ ಮುಂಗಾಲು ಕ್ರೀಸ್ ಹತ್ರ ಎಲ್ಲಿ ಬಿತ್ತು ಅಂತ ನೋಡಿ ಆಮೇಲೆ ಮೇಲೆ ಏಳ್ಬೇಕು, ಅಷ್ಟರಲ್ಲಿ ಬಾಲ್ ಅರ್ಧ ದಾರಿ ಬಂದಿರುತ್ತೆ, ಪ್ಯಾಡ್‌ಗೆ ಬಡಿದ್ರೆ ಹನ್ನೊಂದೂ ಜನ ಕಿರುಚ್ತಾರೆ. ಇದು ನೆಟ್ಸಲ್ಲಿ ತಿಂಗಳುಗಟ್ಲೆ ನಿಂತ್ರೆ ಮಾತ್ರ ಬರೋದು.

ಶ್ರೀಲಂಕಾದ ಕುಮಾರ ಧರ್ಮಸೇನ ಗೊತ್ತಲ್ಲ, 1996ರ ವಿಶ್ವಕಪ್ ಫೈನಲ್ ಆಡಿ ಗೆದ್ದೋರು, 2015ರ ಫೈನಲ್‌ಗೆ ಅಂಪೈರ್ ಆದೋರು. ಅಂಥೋರೇ 2019ರ ಫೈನಲ್‌ನಲ್ಲಿ ಇಂಗ್ಲೆಂಡಿನ ಸ್ಟೋಕ್ಸ್ ಬ್ಯಾಟ್‌ಗೆ ತಾಗಿ ಬೌಂಡರಿಗೆ ಹೋದ ಥ್ರೋಗೆ 6 ರನ್ ಕೊಟ್ರು. ಫೀಲ್ಡರ್ ಎಸೆದ ಕ್ಷಣಕ್ಕೆ ಬ್ಯಾಟ್ಸ್‌ಮನ್‌ಗಳು ಎರಡನೇ ರನ್‌ಗೆ ಕ್ರಾಸ್ ಆಗಿರ್ಲಿಲ್ಲ, ಹಾಗಾಗಿ ಆ ರನ್ ಲೆಕ್ಕಕ್ಕಿಲ್ಲ, ಕೊಡಬೇಕಿದ್ದಿದ್ದು 5. ಅದು ತಪ್ಪು ಅಂತ ಬಾಯ್ಬಿಟ್ಟು ಹೇಳಿದೋರಲ್ಲಿ ಆಸ್ಟ್ರೇಲಿಯಾದ ಸೈಮನ್ ಟೌಫೆಲ್ ಒಬ್ರು, ಫಸ್ಟ್ ಕ್ಲಾಸ್ ಮ್ಯಾಚೇ ಆಡದೆ 2004ರಿಂದ 2008ರವರೆಗೆ ಸತತ ಐದು ಸಲ ಐಸಿಸಿ ವರ್ಷದ ಅಂಪೈರ್ ಆದೋರು. ಧರ್ಮಸೇನಾರನ್ನ ಬೈಯೋದು ಬೇಡ, ಓಟನೂ ನೋಡ್ಬೇಕು ಥ್ರೋನೂ ನೋಡ್ಬೇಕು, ಇರೋದು ಎರಡೇ ಕಣ್ಣು.

ಹಾಗಂತ ಆಡಿದ್ದು ದಂಡ ಅಂತಲ್ಲ. ಭಾರತದ ಸ್ಪಿನ್ನರ್ ವೆಂಕಟರಾಘವನ್ 57 ಟೆಸ್ಟ್ ಆಡಿ 73 ಟೆಸ್ಟ್‌ಗೆ ಅಂಪೈರ್ ಆದ್ರು. ನಮ್ಮ ಎ.ವಿ. ಜಯಪ್ರಕಾಶ್ ಕರ್ನಾಟಕಕ್ಕೆ ಆಡಿದೋರು, 1999ರಲ್ಲಿ ದೆಹಲಿಯ ಕೋಟ್ಲಾದಲ್ಲಿ ಕುಂಬ್ಳೆ 74 ರನ್‌ಗೆ 10 ವಿಕೆಟ್ ತೆಗೆದಾಗ ಅಂಪೈರ್ ಬಕ್ನರ್ ಜೊತೆ ನಿಂತಿದ್ರು. ಒತ್ತಡ ತಡ್ಕೊಳ್ಳೋದು, ಬೌಲರ್ ನಾಟಕ ಕಂಡುಹಿಡಿಯೋದು ಆಡಿದೋರಿಗೆ ಬೇಗ ಬರುತ್ತೆ. ಆದ್ರೆ ಆಟದ ನಿಯಮಗಳ ಲಾ ಪುಸ್ತಕ ಓದ್ಲೇಬೇಕು, ತಮ್ಮಂಗೆ ಹೇಳಿ.

ಪ್ರಶ್ನೆ: ಒಬ್ರು ದುಡ್ಡು ಕೊಟ್ರೆ ನೇರ ಅಂಪೈರ್ ಪ್ಯಾನೆಲ್‌ಗೆ ಸೇರಿಸ್ತೀನಿ ಅಂತಿದಾರೆ, ನಂಬ್ಬೋದಾ?

ರೀ, ಇದನ್ನೂ ಕೇಳ್ಬೇಕಾ? ಅವನ ನಂಬರ್ ಬ್ಲಾಕ್ ಮಾಡಿ.

ಪ್ರಶ್ನೆ: ಡಿಆರ್‌ಎಸ್ (ಕ್ಯಾಮೆರಾ ನೋಡಿ ತೀರ್ಪು ಮರುಪರಿಶೀಲಿಸೋದು) ಬಂದ್ಮೇಲೆ ಅಂಪೈರ್ ಯಾಕೆ?

ನಿಮ್ಮೂರ ಲೀಗಲ್ಲಿ ಡಿಆರ್‌ಎಸ್ ಯಾರು ಹಾಕ್ಸಿದಾರೆ ಹೇಳಿ.

ಪ್ರಶ್ನೆ: ನಾನು ಆಡಿದ ಕ್ಲಬ್ಬಿನ ಮ್ಯಾಚ್‌ಗೇ ಅಂಪೈರ್ ಆಗ್ಬೋದಾ?

ನಾನಂತೂ ಒಪ್ಕೊಳ್ಳಲ್ಲ. ಔಟ್ ಕೊಟ್ರೆ ಹಳೇ ಗೆಳೆಯ ಮಾತು ಬಿಡ್ತಾನೆ, ಕೊಡ್ಲಿಲ್ಲ ಅಂದ್ರೆ ಎದುರು ಟೀಮಿನೋರು ಸೆಕ್ರೆಟರಿಗೆ ಪತ್ರ ಬರೀತಾರೆ.